ನಿಮ್ಮ ‘ಮಾರ್ದನಿ’ಗೆ ತಿದ್ದುಪಡಿಯ ಪುಟ ಬೇಕು

ಪ್ರಶ್ನೆ: ನಾನು ಕನ್ನಡದಲ್ಲಿ ಒಂದು ಫ್ಯಾಂಟಸಿ ಕಾದಂಬರಿ ಬರೆಯುತ್ತಿದ್ದೇನೆ. ಆ ಲೋಕದಲ್ಲಿ ಸದ್ದೇ ಶಕ್ತಿ. ಗಂಟೆ ಬಾರಿಸಿ ಬಂಡೆ ಎತ್ತುತ್ತಾರೆ, ಹಾಡಿ ಬಾಗಿಲು ತೆರೆಯುತ್ತಾರೆ. ಅಲ್ಲಿ ‘ಮಾರ್ದನಿ’ ಅಂತ ಒಂದು ಮಾಸಪತ್ರಿಕೆ ಬರುತ್ತದೆ. ಸದ್ದು ಮತ್ತು ಅನುರಣನೆ ಬಿಟ್ಟರೆ ಅದರಲ್ಲಿ ಬೇರೆ ವಿಷಯವೇ ಇಲ್ಲ. ಕಾದಂಬರಿಯ ಅಧ್ಯಾಯಗಳ ನಡುವೆ ಅದರ ಪುಟಗಳನ್ನು ಹಾಕುವ ಆಸೆ. ನಾಲ್ಕು ಸಂಚಿಕೆ ಬರೆದೆ. ಓದಿದ ಗೆಳೆಯರು ‘ಚೆನ್ನಾಗಿದೆ, ಆದ್ರೆ ನಿಜವಾದ ಪತ್ರಿಕೆ ಅನ್ನಿಸಲ್ಲ’ ಅಂದರು. ಧ್ವನಿವಿಜ್ಞಾನವನ್ನು ಎಷ್ಟು ತರಬೇಕು, ಎಲ್ಲಿ ತರಬೇಕು? ನಾಲ್ಕೂ ಸಂಚಿಕೆ ಕಳಿಸಿದ್ದೇನೆ.

ಉತ್ತರ: ನಾಲ್ಕನ್ನೂ ಎರಡೆರಡು ಸಲ ಓದಿದೆ. ನಿಮ್ಮ ಭಾಷೆ ಸೊಗಸಾಗಿದೆ. ಗಂಟೆ ಎರಕ ಹೊಯ್ಯುವವರ ಬೀದಿಯ ವರ್ಣನೆ ಓದುವಾಗ ಕಿವಿಯಲ್ಲಿ ನಿಜಕ್ಕೂ ಗುಂಯ್ ಅಂತು. ವಿಜ್ಞಾನ ಕಡಿಮೆ ಆಯಿತೇ ಎಂದು ನೀವು ಚಿಂತೆ ಮಾಡಿದ್ದೀರಿ. ನನಗೆ ಕಂಡ ಕೊರತೆ ಬೇರೆ. ನಿಮ್ಮ ಪತ್ರಿಕೆಯಲ್ಲಿ ಯಾರೂ ತಪ್ಪು ಮಾಡುವುದಿಲ್ಲ. ಬರೆದವರೆಲ್ಲ ಸರಿ, ಮಾಡಿದ್ದೆಲ್ಲ ಫಲಿಸುತ್ತದೆ. ಹೋದ ತಿಂಗಳ ಲೇಖನದ ಬಗ್ಗೆ ಈ ತಿಂಗಳು ಯಾರೂ ತಕರಾರು ತೆಗೆಯುವುದಿಲ್ಲ. ತಿಂಗಳಿಗೊಮ್ಮೆ ಬರುವ ಪತ್ರಿಕೆಗೆ ಹಿಂದಿನ ತಿಂಗಳ ನೆನಪಿರಬೇಕಲ್ವಾ?

ಇದಕ್ಕೆ ಒಂದು ನಿಜವಾದ ಕಥೆ ಇದೆ. ನಿಮ್ಮ ವಿಷಯಕ್ಕೆ ಇದಕ್ಕಿಂತ ಹತ್ತಿರದ್ದು ನನಗೆ ಗೊತ್ತಿಲ್ಲ.

1665ರ ಜನವರಿಯಲ್ಲಿ ಪ್ಯಾರಿಸ್ಸಿನಲ್ಲಿ ‘ಜೂರ್ನಾಲ್ ದೆ ಸಾವಾಂ’ ಎಂಬ ಪತ್ರಿಕೆ ಶುರುವಾಯಿತು. ವಿದ್ವಾಂಸರಿಗೆಂದೇ ಹೊರಟ ಮೊದಮೊದಲ ಪತ್ರಿಕೆಗಳಲ್ಲಿ ಅದೊಂದು. ಆಗ ಕ್ರಿಸ್ಟಿಯಾನ್ ಹೈಗೆನ್ಸ್ ಹಾಲೆಂಡಿನ ಹೇಗ್ ಊರಿನಲ್ಲಿದ್ದರು. ಲೋಲಕದ ಗಡಿಯಾರ ಕಂಡುಹಿಡಿದವರು ಅವರೇ. ಮೈ ಸರಿಯಿಲ್ಲದೆ ಕೋಣೆಯಲ್ಲೇ ಕೂತಿದ್ದಾಗ ಅವರಿಗೆ ಒಂದು ವಿಚಿತ್ರ ಕಂಡಿತು. ಅಕ್ಕಪಕ್ಕ ತೂಗುಹಾಕಿದ್ದ ಎರಡು ಗಡಿಯಾರಗಳ ಲೋಲಕಗಳು ಒಂದಕ್ಕೊಂದು ಹೊಂದಿಕೊಂಡು ಆಡುತ್ತಿದ್ದವು. ಒಂದು ಎಡಕ್ಕೆ ಹೋದರೆ ಇನ್ನೊಂದು ಬಲಕ್ಕೆ. ಬೇಕೆಂದೇ ಲಯ ತಪ್ಪಿಸಿದರೂ ಅರ್ಧ ಗಂಟೆಯೊಳಗೆ ಮತ್ತೆ ಹಾಗೇ ಕೂಡಿಕೊಳ್ಳುತ್ತಿದ್ದವು. ಲೋಲಕಗಳು ಎಬ್ಬಿಸುವ ಗಾಳಿಯೇ ಕಾರಣ ಇರಬೇಕು ಅಂತ ಅವರು ಮೊದಲು ಅಂದುಕೊಂಡರು. ಆಮೇಲೆ ಪರೀಕ್ಷೆ ಮಾಡುತ್ತಾ ಹೋದಾಗ ಗೊತ್ತಾಯಿತು, ಗಾಳಿಯ ಪಾತ್ರ ಏನೂ ಇಲ್ಲ. ಗಡಿಯಾರಗಳನ್ನು ಹೊತ್ತಿದ್ದ ಮರದ ತೊಲೆ ಕಣ್ಣಿಗೆ ಕಾಣದಷ್ಟು ಸಣ್ಣಗೆ ಅಲುಗುತ್ತಿತ್ತು. ಒಂದರ ಸುದ್ದಿ ಇನ್ನೊಂದಕ್ಕೆ ಮುಟ್ಟುತ್ತಿದ್ದದ್ದು ಆ ತೊಲೆಯ ಮೂಲಕ.

ಅವರ ಕಾಗದ ಮಾರ್ಚ್ 16ರ ಸಂಚಿಕೆಯಲ್ಲಿ ಅಚ್ಚಾಯಿತು. ವಾರ ಕಳೆದ ಮೇಲೆ, ಮಾರ್ಚ್ 23ರ ಸಂಚಿಕೆಯಲ್ಲಿ, ಅದೇ ಬರಹದ ಬಗ್ಗೆ ಮತ್ತೊಂದು ಟಿಪ್ಪಣಿ ಬಂತು. ನೋಡಿ, ಶುರುವಾಗಿ ಮೂರು ತಿಂಗಳು ತುಂಬದ ಪತ್ರಿಕೆ. ಅಷ್ಟರಲ್ಲೇ ಮಿಡಿತಗಳು ಒಂದಕ್ಕೊಂದು ಸ್ಪಂದಿಸುವ ವಿಷಯ ಬಂದಿದೆ, ಹಿಂದಿನ ವಾರದ ಮಾತಿಗೆ ಮರಳಿ ಹೋಗುವ ಅಭ್ಯಾಸವೂ ಬಂದಿದೆ. ‘ಮಾರ್ದನಿ’ಯ ಎರಡನೇ ಸಂಚಿಕೆಯಿಂದಲೇ ಇಂಥ ಒಂದು ಪುಟ ಇರಲಿ ಎಂಬುದು ನನ್ನ ಮೊದಲ ಸಲಹೆ. ನಿಮ್ಮ ಲೋಕದ ದೊಡ್ಡ ಗುರುಗಳೊಬ್ಬರು ‘ಗಾಳಿಯೇ ಕಾರಣ’ ಅಂತ ಬರೆಯಲಿ. ಮುಂದಿನ ತಿಂಗಳು ಒಬ್ಬ ಬಡಗಿ ‘ಸ್ವಾಮಿ, ನಾನು ತೊಲೆಯ ಮೇಲೆ ಕೈ ಇಟ್ಟು ನೋಡಿದೆ’ ಅಂತ ಕಾಗದ ಹಾಕಲಿ.

ಈಗ ವಿಜ್ಞಾನಕ್ಕೆ ಬರೋಣ. ನೀವು ಎಲ್ಲದಕ್ಕೂ ‘ಅನುರಣನೆ’ ಎಂಬ ಒಂದೇ ಪದ ಬಳಸಿದ್ದೀರಿ. ಮೂರು ಬೇರೆ ಸಂಗತಿಗಳು ಅದರೊಳಗೆ ಕಲಸಿಹೋಗಿವೆ. ದೂರದ ಗೋಡೆಗೆ ಬಡಿದು ಸದ್ದು ಬಿಡಿಯಾಗಿ ಮರಳಿ ಕೇಳಿದರೆ ಅದು ಮಾರ್ದನಿ. ಅದಕ್ಕೆ ಗೋಡೆ ಕನಿಷ್ಠ 17 ಮೀಟರ್ ದೂರ ಇರಬೇಕು. ಹತ್ತಿರದ ಗೋಡೆ, ಚಾವಣಿ, ನೆಲಗಳಿಗೆಲ್ಲ ಬಡಿದು ಒಂದರ ಮೇಲೊಂದು ಬಿದ್ದು ಸದ್ದು ಎಳೆದಂತೆ ಉಳಿದರೆ ಅದು ಅನುರಣನೆ. ಒಂದು ವಸ್ತುವಿನ ಸ್ವಂತ ಮಿಡಿತಕ್ಕೆ ಹೊಂದುವ ಸದ್ದು ಹೊರಗಿನಿಂದ ಬಂದಾಗ ಆ ವಸ್ತು ತಾನೇ ಮಿಡಿಯತೊಡಗಿದರೆ ಅದು ಅನುನಾದ. ನಿಮ್ಮ ಮಾಂತ್ರಿಕರು ಮಾಡುವುದು ಮೂರನೆಯದು. ಅವರು ಕೆಲಸ ಮಾಡುವ ಗುಹೆಯಲ್ಲಿ ನಡೆಯುವುದು ಎರಡನೆಯದು. ಈ ಎರಡನ್ನು ಬೇರೆ ಮಾಡಿದರೆ ಅರ್ಧ ಗೊಂದಲ ಕರಗುತ್ತದೆ.

ಅನುನಾದಕ್ಕೆ ಜೋಕಾಲಿಗಿಂತ ಒಳ್ಳೆಯ ಉದಾಹರಣೆ ಇಲ್ಲ. ಜೋಕಾಲಿಯಲ್ಲಿ ಕೂತ ಮಗುವನ್ನು ಒಂದೇ ಬಾರಿ ಎತ್ತರಕ್ಕೆ ತಳ್ಳಲು ನಿಮಗೆ ಆಗುವುದಿಲ್ಲ. ಆದರೆ ಅದು ನಿಮ್ಮ ಕಡೆ ಬಂದು ತಿರುಗುವ ಗಳಿಗೆಗೆ ಸರಿಯಾಗಿ, ಪ್ರತಿ ಸಲವೂ ಸ್ವಲ್ಪ ಸ್ವಲ್ಪ ತಳ್ಳಿ. ಹತ್ತು ತಳ್ಳುವಿಕೆಗೆ ಮಗು ಕೇಕೆ ಹಾಕುತ್ತದೆ. ಗಳಿಗೆ ತಪ್ಪಿ ತಳ್ಳಿದರೆ ಜೋಕಾಲಿ ನಿಧಾನವಾಗುತ್ತದೆ. ಇನ್ನೊಂದು ಮಾತು. ಹಗ್ಗ ಕಟ್ಟಿದ ಕೊಂಬೆ, ಗಾಳಿ ಎಲ್ಲವೂ ಪ್ರತಿ ಸುತ್ತಿಗೂ ಒಂದಿಷ್ಟು ಶಕ್ತಿಯನ್ನು ತಿನ್ನುತ್ತಿರುತ್ತವೆ. ನೀವು ಕೊಡುವುದೂ ಅವು ತಿನ್ನುವುದೂ ಸಮ ಆದಾಗ ಜೋಕಾಲಿ ಅದಕ್ಕಿಂತ ಮೇಲೆ ಹೋಗುವುದಿಲ್ಲ. ಅನುನಾದ ಹೊಸ ಶಕ್ತಿಯನ್ನು ಹುಟ್ಟಿಸುವುದಿಲ್ಲ. ಸ್ವಲ್ಪ ಸ್ವಲ್ಪ ಕೊಟ್ಟದ್ದನ್ನು ಕೂಡಿಡುತ್ತದೆ, ಅಷ್ಟೇ.

ನಿಮ್ಮ ಮೊದಲ ಸಂಚಿಕೆಯಲ್ಲಿ ಒಬ್ಬ ಹುಡುಗಿ ಒಂದು ಆಲಾಪಕ್ಕೆ ಒಂದು ಟನ್ ಬಂಡೆಯನ್ನು ಆಳುದ್ದ ಎತ್ತುತ್ತಾಳೆ. ಸ್ವಲ್ಪ ಲೆಕ್ಕ ಹಾಕೋಣ. ನಾವು ಸಾಮಾನ್ಯವಾಗಿ ಮಾತಾಡುವಾಗ ಬಾಯಿಂದ ಸದ್ದಾಗಿ ಹೊರಡುವ ಶಕ್ತಿ ಸುಮಾರು 10 ಮೈಕ್ರೋವಾಟ್. ಅಂದರೆ ಒಂದು ಲಕ್ಷ ಜನ ಒಟ್ಟಿಗೆ ಮಾತಾಡಿದರೆ ಒಂದು ವಾಟ್ ಆಗುತ್ತದೆ. ಒಂದು ಟನ್ ಬಂಡೆಯನ್ನು ಬರೀ ಒಂದು ಮೀಟರ್ ಎತ್ತಲು ಬೇಕಾದ್ದು ಸುಮಾರು 9,800 ಜೂಲ್. ಒಂದು ವಾಟ್ ಅಂದರೆ ಸೆಕೆಂಡಿಗೆ ಒಂದು ಜೂಲ್. ಆ ಲಕ್ಷ ಜನರ ಮಾತಿನ ಒಂದು ಹನಿಯೂ ಸೋರಿಹೋಗದೆ ಬಂಡೆಗೆ ಸೇರಿದರೂ ಅವರು ಎರಡು ಮುಕ್ಕಾಲು ಗಂಟೆ ಮಾತಾಡುತ್ತಲೇ ಇರಬೇಕು. ಜೋರಾಗಿ ಹಾಡಿದರೆ ಶಕ್ತಿ ಇದಕ್ಕಿಂತ ಎಷ್ಟೋ ಪಟ್ಟು ಜಾಸ್ತಿ, ನಿಜ. ಆದರೂ ಸದ್ದು ಎಷ್ಟು ಬಡಪಾಯಿ ಎಂಬುದು ಈ ಲೆಕ್ಕದಿಂದ ಗೊತ್ತಾಗುತ್ತದೆ. ನಮ್ಮ ಕಿವಿ ಅಷ್ಟು ಸೂಕ್ಷ್ಮವಾಗಿರುವುದರಿಂದ ಸದ್ದು ನಮಗೆ ದೊಡ್ಡದು.

ಹಾಗಂತ ಬಂಡೆ ಎತ್ತಬೇಡಿ ಅನ್ನುತ್ತಿಲ್ಲ. ಅದು ನಿಮ್ಮ ಲೋಕ, ನೀವೇ ಒಡೆಯರು. ಆದರೆ ಬಂಡೆ ಎತ್ತಲು ಇಡೀ ಊರು ಮೂರು ರಾತ್ರಿ ಹಾಡಬೇಕಾಯಿತು ಅಂತ ಬರೆಯಿರಿ. ಮೂರನೇ ರಾತ್ರಿ ಯಾರೋ ನಿದ್ದೆ ತೂಗಿ ಶ್ರುತಿ ತಪ್ಪಿದರು, ಬಂಡೆ ಕೂತುಬಿಟ್ಟಿತು, ಊರಿನವರೆಲ್ಲ ಆ ಮನುಷ್ಯನ ಕಡೆ ನೋಡಿದರು ಅಂತ ಬರೆಯಿರಿ. ‘ಮಾರ್ದನಿ’ಯ ವರದಿಗಾರ ಆ ಮನುಷ್ಯನ ಮನೆಗೆ ಹೋಗಿ ಮಾತಾಡಿಸಲಿ. ನಾನಂತೂ ಆ ವರದಿಯನ್ನೇ ಮೊದಲು ಓದುತ್ತೇನೆ.

ಗುಹೆಯ ವಿಷಯಕ್ಕೆ ವ್ಯಾಲೇಸ್ ಸೇಬಿನ್ ಅವರ ಕೆಲಸ ನೋಡಿ. 1895ರಲ್ಲಿ ಹಾರ್ವರ್ಡಿನಲ್ಲಿ ಹೊಸದಾಗಿ ಕಟ್ಟಿದ ಒಂದು ಉಪನ್ಯಾಸದ ಕೋಣೆಯಲ್ಲಿ ಮಾತೇ ಅರ್ಥವಾಗುತ್ತಿರಲಿಲ್ಲ. ಆಡಿದ ಒಂದು ಪದ ಐದೂವರೆ ಸೆಕೆಂಡ್ ಹಾಗೇ ಗುನುಗುತ್ತಿತ್ತು. ಅಷ್ಟರಲ್ಲಿ ಮುಂದಿನ ಹತ್ತು ಪದಗಳು ಅದರ ಮೇಲೆ ಬಿದ್ದಿರುತ್ತಿದ್ದವು. ಇದನ್ನು ಸರಿಮಾಡುವ ಕೆಲಸ ಯುವಕ ಸೇಬಿನ್ ಪಾಲಿಗೆ ಬಂತು. ಅವರು ಊರು ಮಲಗಿದ ಮೇಲೆ ಒಂದು ಆರ್ಗನ್ ಕೊಳವೆ, ಸಮಯ ಅಳೆಯುವ ಸಾಧನ ಮತ್ತು ತಮ್ಮ ಕಿವಿ ಇಟ್ಟುಕೊಂಡು ಅಳೆಯುತ್ತಿದ್ದರು. ಪಕ್ಕದ ರಂಗಮಂದಿರದ ಕುರ್ಚಿಮೆತ್ತೆಗಳನ್ನು ಹೊತ್ತು ತಂದು ಒಂದೊಂದಾಗಿ ಸೇರಿಸುತ್ತಾ ಹೋದರು. ಎಲ್ಲ ಮೆತ್ತೆ ತಂದಿಟ್ಟಾಗ ಆ ಗುನುಗು ಒಂದು ಸೆಕೆಂಡಿಗಿಂತ ಸ್ವಲ್ಪ ಹೆಚ್ಚು ಅನ್ನುವಷ್ಟಕ್ಕೆ ಇಳಿಯಿತು. ಕೋಣೆ ದೊಡ್ಡದಾದಷ್ಟೂ ಸದ್ದು ಹೆಚ್ಚು ಹೊತ್ತು ಉಳಿಯುತ್ತದೆ, ಮೆತ್ತನೆಯ ವಸ್ತು ಹೆಚ್ಚಿದಷ್ಟೂ ಬೇಗ ಸಾಯುತ್ತದೆ. ಈ ಲೆಕ್ಕ ಹುಟ್ಟಿದ್ದು ಹಾಗೆ. ಬಟ್ಟೆ ತೊಟ್ಟ ಮನುಷ್ಯರೂ ಮೆತ್ತೆಯ ಹಾಗೇ ಸದ್ದು ಕುಡಿಯುತ್ತಾರೆ. ಇದು ನಿಮಗೆ ಚಿನ್ನದಂಥ ಸಂಗತಿ. ಖಾಲಿ ಗುಹೆಯಲ್ಲಿ ಗುರುಗಳ ಮಂತ್ರ ಪ್ರತಿದಿನ ಫಲಿಸುತ್ತದೆ. ಸಾವಿರ ಜನ ನೋಡಲು ಬಂದ ದಿನ ಫಲಿಸುವುದಿಲ್ಲ.

ನೀವು ವಿಜಯಪುರದ ಗೋಲಗುಮ್ಮಟ ಹತ್ತಿದ್ದೀರಾ? ಹತ್ತಿಲ್ಲದಿದ್ದರೆ ಮುಂದಿನ ಸಂಚಿಕೆ ಬರೆಯುವ ಮೊದಲು ಹೋಗಿ ಬನ್ನಿ. ಬೆಳಿಗ್ಗೆ ಬಾಗಿಲು ತೆರೆದ ಕೂಡಲೇ ಹೋಗಿ, ಶಾಲೆಯ ಮಕ್ಕಳು ಬಂದು ಕೂಗಲು ಶುರುಮಾಡುವ ಮೊದಲು. ಮೇಲಿನ ಪಡಸಾಲೆಯಲ್ಲಿ ಗೋಡೆಗೆ ಬಾಯಿ ಹತ್ತಿರ ಮಾಡಿ ಪಿಸುಗುಟ್ಟಿದರೆ ಸುಮಾರು 38 ಮೀಟರ್ ಆಚೆ, ಎದುರು ಗೋಡೆಯ ಬಳಿ ನಿಂತವರಿಗೆ ಕೇಳುತ್ತದೆ. ಲಂಡನ್ನಿನ ಸೇಂಟ್ ಪಾಲ್ಸ್ ಗುಮ್ಮಟದಲ್ಲೂ ಹೀಗೇ ಆಗುತ್ತದೆ. ಪಿಸುಮಾತು ಬಾಗಿದ ಗೋಡೆಯನ್ನು ತಬ್ಬಿಕೊಂಡು ತೆವಳುತ್ತದೆ ಎಂದು ಅಲ್ಲಿ ಭೌತವಿಜ್ಞಾನಿ ಲಾರ್ಡ್ ರೇಲಿ ವಿವರಿಸಿದ್ದರು. 1921ರಲ್ಲಿ ಸಿ.ವಿ. ರಾಮನ್ ಮತ್ತು ಸದರ್ಲೆಂಡ್ ಅದೇ ಗುಮ್ಮಟದಲ್ಲಿ ಅಳತೆ ಮಾಡಿ, ಸದ್ದು ಗೋಡೆಯಿಂದ ದೂರ ಸರಿದಂತೆ ಹೇಗೆ ಏರಿಳಿಯುತ್ತದೆ ಅಂತ ತೋರಿಸಿದರು. ಪಿಸುಮಾತು ಕದಿಯುವ ಒಬ್ಬ ಪಾತ್ರ ನಿಮ್ಮಲ್ಲಿದ್ದಾನಲ್ಲ, ಅವನು ಕೋಣೆಯ ನಡುವೆ ನಿಲ್ಲುತ್ತಾನೆ. ಗೋಡೆಗೆ ಕಿವಿ ಕೊಟ್ಟು ನಿಲ್ಲಿಸಿ.

ರಾಮನ್ ಹೆಸರು ಬಂತು. ಅವರ ಇನ್ನೊಂದು ಕೆಲಸದ ಬಗ್ಗೆ ಸ್ವಲ್ಪ ಹೆಚ್ಚೇ ಹೇಳುತ್ತೇನೆ. ನಿಮ್ಮ ಪತ್ರಿಕೆಯ ಜೀವ ಇಲ್ಲಿಂದಲೇ ಬರಬಹುದು ಅನ್ನಿಸುತ್ತದೆ.

ಸಾಮಾನ್ಯ ಚರ್ಮವಾದ್ಯಕ್ಕೆ ಶ್ರುತಿ ನಿಲ್ಲುವುದಿಲ್ಲ. ತಂತಿಯನ್ನು ಮೀಟಿದರೆ ಮೂಲ ಸ್ವರದ ಜೊತೆ ಅದರ ಎರಡರಷ್ಟು, ಮೂರರಷ್ಟು, ನಾಲ್ಕರಷ್ಟು ಮಿಡಿತಗಳೂ ಹುಟ್ಟುತ್ತವೆ. ಲೆಕ್ಕ ಪೂರ್ಣಸಂಖ್ಯೆಯಲ್ಲಿರುವುದರಿಂದ ಕಿವಿಗೆ ಹಿತ. ದುಂಡಗೆ ಬಿಗಿದ ಬರೀ ಚರ್ಮದಲ್ಲಿ ಮೂಲದ 1.59 ಪಟ್ಟು, 2.14 ಪಟ್ಟು, 2.30 ಪಟ್ಟು ಅಂತ ಅಡ್ಡಾದಿಡ್ಡಿ ಬರುತ್ತವೆ. ಹಾಗಾಗಿ ಕೇಳುವುದು ಬರೀ ದಬದಬ. ಮೃದಂಗ ಮತ್ತು ತಬಲಾ ಹೀಗಲ್ಲ. ಅವುಗಳನ್ನು ಶ್ರುತಿ ಮಾಡಬಹುದು, ಅವು ಹಾಡಿನ ಜೊತೆ ಕೂಡುತ್ತವೆ. 1920ರಲ್ಲಿ ರಾಮನ್ ಮತ್ತು ಶಿವಕಾಳಿ ಕುಮಾರ್ ‘ನೇಚರ್’ ಪತ್ರಿಕೆಯಲ್ಲಿ ಒಂದು ಪುಟ್ಟ ಬರಹ ಪ್ರಕಟಿಸಿ ಇದರ ಗುಟ್ಟು ಹೇಳಿದರು. ಗುಟ್ಟು ಇರುವುದು ಮುಚ್ಚಿಗೆಯ, ಅಂದರೆ ಬಿಗಿದ ಚರ್ಮದ, ನಡುವೆ ಹಚ್ಚಿದ ಕಪ್ಪು ಲೇಪದಲ್ಲಿ, ಕರಣೆಯಲ್ಲಿ. ಆ ಭಾರ ಅಡ್ಡಾದಿಡ್ಡಿ ಮಿಡಿತಗಳನ್ನು ಎಳೆದು ಪೂರ್ಣಸಂಖ್ಯೆಗಳ ಸಾಲಿಗೆ ತರುತ್ತದೆ. ಮೊದಲ ಒಂಬತ್ತು ಬಗೆಯ ಮಿಡಿತಗಳು ಸೇರಿ ಐದೇ ಸ್ವರಗಳಾಗಿ ಕೂಡಿಕೊಳ್ಳುತ್ತವೆ. ಮುಂದೆ ರಾಮನ್ ಬೆಂಗಳೂರಿಗೆ ಬಂದರು. 1934ರಲ್ಲಿ ಅವರೇ ಇಲ್ಲಿ ಭಾರತೀಯ ವಿಜ್ಞಾನ ಅಕಾಡೆಮಿ ಕಟ್ಟಿದರು. ಅದರ ಪತ್ರಿಕೆಯ ಮೊದಲ ಸಂಪುಟದಲ್ಲೇ ಭಾರತೀಯ ಚರ್ಮವಾದ್ಯಗಳ ಬಗ್ಗೆ ಅವರ ದೀರ್ಘ ಲೇಖನವಿದೆ. ಮುಚ್ಚಿಗೆಯ ಮೇಲೆ ಸಣ್ಣ ಮರಳು ಉದುರಿಸಿ, ಬಾರಿಸಿದಾಗ ಅದು ಎಲ್ಲಿ ಕೂಡುತ್ತದೆ ಅಂತ ಗುರುತಿಸಿದ ಚಿತ್ರಗಳೂ ಇವೆ.

ಈಗ ಮೃದಂಗ ಮಾಡುವವರ ಕಡೆ ನೋಡಿ. ಹಲಸಿನ ಮರದ ಹೊಟ್ಟೆ ಕೊರೆಯುತ್ತಾರೆ. ಕಿಟ್ಟದ ಕಲ್ಲಿನ ಪುಡಿಯನ್ನು ಅನ್ನದ ಜೊತೆ ಅರೆದು, ಬಲ ಮುಚ್ಚಿಗೆಯ ನಡುವೆ ತೆಳ್ಳಗೆ ಒಂದು ಪದರ ಹಚ್ಚುತ್ತಾರೆ. ಕಲ್ಲಿನಿಂದ ಉಜ್ಜಿ ಒಣಗಿಸುತ್ತಾರೆ. ಮತ್ತೊಂದು ಪದರ, ಮತ್ತೆ ಉಜ್ಜುವುದು. ನಡುನಡುವೆ ಬೆರಳಿಂದ ತಟ್ಟಿ ಕೇಳುತ್ತಾರೆ. ಸಾಕು ಅಂತ ಹೇಳುವುದು ಅವರ ಕಿವಿ. ಎಡಗಡೆಗೆ ಕಛೇರಿಗೆ ಮೊದಲು ರವೆ ಕಲಸಿ ಮೆತ್ತುತ್ತಾರೆ, ಮುಗಿದ ಮೇಲೆ ತೆಗೆಯುತ್ತಾರೆ. 1920ರ ಬರಹಕ್ಕೆ ಎಷ್ಟೋ ತಲೆಮಾರು ಮೊದಲೇ ಆ ಮನೆಗಳಲ್ಲಿ ಈ ವಿದ್ಯೆ ಇತ್ತು. ರಾಮನ್ ಕೂಡ ಈ ಕುಶಲತೆಯನ್ನು ಗೌರವದಿಂದಲೇ ಕಂಡರು. ಆದರೆ ಪತ್ರಿಕೆಯಲ್ಲಿ ಅಚ್ಚಾಗುವುದು ಯಾರ ಹೆಸರು? ನಿಮ್ಮ ‘ಮಾರ್ದನಿ’ಯಲ್ಲೂ ಬರೆಯುವವರೆಲ್ಲ ಪೀಠದ ಗುರುಗಳೇ. ಗಂಟೆ ಎರಕ ಹೊಯ್ಯುವವರ ಬೀದಿಯನ್ನು ಅಷ್ಟು ಚೆಂದ ವರ್ಣಿಸಿದ್ದೀರಿ, ಆ ಬೀದಿಯ ಒಬ್ಬರೂ ಪತ್ರಿಕೆಗೆ ಬರೆದಿಲ್ಲ. ಒಬ್ಬ ಎರಕದವಳು ಬರೆಯಲಿ. ತವರ ಹೆಚ್ಚಿದರೆ ದನಿ ತಿಳಿಯಾಗುತ್ತದೆ, ಆದರೆ ಗಂಟೆ ಬೇಗ ಸೀಳುತ್ತದೆ, ನೂರಕ್ಕೆ ಇಪ್ಪತ್ತೆರಡು ಪಾಲು ದಾಟಬೇಡಿ ಅಂತ ಹೇಳಲಿ. ಗಂಟೆಯ ಕಂಚಿನ ಅಳತೆ ನಮ್ಮ ಲೋಕದಲ್ಲೂ ಹೆಚ್ಚುಕಡಿಮೆ ಅದೇ. ಪತ್ರದ ಕೊನೆಗೆ, ಹೋದ ವರ್ಷ ಗುರುಗಳ ಹೆಸರಲ್ಲಿ ಬಂದ ‘ಹೊಸ ಶೋಧನೆ’ ತನ್ನ ಅಜ್ಜಿ ಮಾಡುತ್ತಿದ್ದ ಕೆಲಸ ಅಂತ ಒಂದು ಸಾಲು ಸೇರಿಸಲಿ. ಆ ಒಂದು ಸಾಲಿಂದ ನಿಮ್ಮ ಕಾದಂಬರಿಗೇ ಹೊಸ ಎಳೆ ಸಿಗಬಹುದು.

ಮರಳಿನ ವಿಷಯ ಬಂದದ್ದರಿಂದ ಮುಖಪುಟದ ಬಗ್ಗೆಯೂ ಹೇಳಿಬಿಡುತ್ತೇನೆ. 1787ರಲ್ಲಿ ಜರ್ಮನಿಯ ಅರ್ನ್ಸ್ಟ್ ಕ್ಲಾಡ್ನಿ ಲೋಹದ ತಗಡಿನ ಮೇಲೆ ಮರಳು ಉದುರಿಸಿ, ಅಂಚಿಗೆ ಪಿಟೀಲಿನ ಕಮಾನು ಎಳೆದು, ಮೂಡಿದ ಚಿತ್ರಗಳನ್ನು ಪುಸ್ತಕ ಮಾಡಿದರು. ಥೇಟ್ ರಂಗೋಲಿಯ ಹಾಗಿರುತ್ತವೆ. ತಗಡು ಅಲುಗದ ಗೆರೆಗಳಲ್ಲಿ ಮಾತ್ರ ಮರಳು ನಿಲ್ಲುತ್ತದೆ. 1809ರಲ್ಲಿ ಇದನ್ನು ನೋಡಿ ನೆಪೋಲಿಯನ್ ಬೆರಗಾದ. ಇದರ ಗಣಿತ ಹೇಳಿದವರಿಗೆ ಬಹುಮಾನ ಅಂತ ಪ್ಯಾರಿಸ್ಸಿನ ಅಕಾಡೆಮಿ ಸಾರಿತು. ಸೋಫಿ ಜರ್ಮೇನ್ ಎರಡು ಸಲ ಸೋತು, ಮೂರನೇ ಸಲ ಬರೆದು 1816ರಲ್ಲಿ ಗೆದ್ದರು. ಪ್ರತಿ ತಿಂಗಳು ಒಂದು ಮರಳಿನ ಚಿತ್ರ ಮುಖಪುಟದಲ್ಲಿ ಬರಲಿ, ‘ಇದು ಯಾವ ಸ್ವರ?’ ಅಂತ ಓದುಗರಿಗೆ ಒಗಟು.

ಜಗಳ ಬೇಕಾದರೆ ಸೇತುವೆಯನ್ನು ತನ್ನಿ. ಅಮೆರಿಕದ ಟಕೋಮಾ ನ್ಯಾರೋಸ್ ಸೇತುವೆ 1940ರ ಜುಲೈನಲ್ಲಿ ತೆರೆಯಿತು, ನವೆಂಬರ್ 7ರಂದು ಗಾಳಿಗೆ ತಿರುಚಿಕೊಂಡು ಕುಸಿಯಿತು. ಗಾಳಿಯ ವೇಗ ಗಂಟೆಗೆ ಸುಮಾರು 64 ಕಿಲೋಮೀಟರ್ ಮಾತ್ರ. ಅನುನಾದಕ್ಕೆ ಇದಕ್ಕಿಂತ ಒಳ್ಳೆ ಉದಾಹರಣೆ ಇಲ್ಲ ಅಂತ ಎಷ್ಟೋ ಪಠ್ಯಪುಸ್ತಕಗಳು ಬರೆದವು. ನಾನೂ ಕಾಲೇಜಿನಲ್ಲಿ ಹಾಗೇ ಕಲಿತೆ, ಕೆಲವು ವರ್ಷ ಹಾಗೇ ಪಾಠ ಮಾಡಿದೆ. 1991ರಲ್ಲಿ ಬಿಲ್ಲಾ ಮತ್ತು ಸ್ಕ್ಯಾನ್ಲನ್ ಎಂಬಿಬ್ಬರು ಭೌತವಿಜ್ಞಾನದ ಒಂದು ಪತ್ರಿಕೆಯಲ್ಲಿ ಅದು ಸರಿಯಲ್ಲ ಅಂತ ವಿವರವಾಗಿ ತೋರಿಸಿದರು. ಅಲ್ಲಿ ಹೊರಗಿನಿಂದ ಲಯಬದ್ಧವಾಗಿ ತಳ್ಳುವವರು ಯಾರೂ ಇರಲಿಲ್ಲ. ಒಂದೇ ಸಮನೆ ಬೀಸುವ ಗಾಳಿಯಿಂದ ಸೇತುವೆಯ ಅಲುಗಾಟವೇ ಶಕ್ತಿ ಹೀರಿಕೊಂಡು ತನ್ನನ್ನು ತಾನೇ ಬೆಳೆಸಿಕೊಂಡಿತು. ಐವತ್ತು ವರ್ಷ ಹಳೆಯ ತಪ್ಪಿಗೆ ತಿದ್ದುಪಡಿ. ನಿಮ್ಮ ಕಥೆಯಲ್ಲಿ ಶತ್ರುಗಳು ಹಾಡಿ ಬೀಳಿಸಿದರು ಎನ್ನುವ ಗೋಪುರವಿದೆ. ಅದರ ಬಗ್ಗೆ ಇಂಥ ಒಂದು ತಿದ್ದುಪಡಿ ಬಂದರೆ? ಯಾರೂ ಹಾಡಿರಲಿಲ್ಲ, ಗಾಳಿ ಬೀಸಿತ್ತು ಅಂತ? ಆ ಗೋಪುರದ ಹೆಸರಲ್ಲಿ ನಡೆದ ಯುದ್ಧದ ಕಥೆ ಏನಾಗುತ್ತದೆ?

ಪ್ರವಾಸದ ಅಂಕಣಕ್ಕೆ ದೂರ ಹೋಗಬೇಕಿಲ್ಲ. ಬಳ್ಳಾರಿ ಹತ್ತಿರ ಸಂಗನಕಲ್ಲಿನ ಹಿರೇಗುಡ್ಡದಲ್ಲಿ ಕಪ್ಪು ಡೋಲರೈಟ್ ಬಂಡೆಗಳಿವೆ. ಕಲ್ಲಿನಿಂದ ಕುಟ್ಟಿದರೆ ಕೆಲವು ಜಾಗಟೆಯ ಹಾಗೆ ಮೊಳಗುತ್ತವೆ. ಕುಟ್ಟಿ ಕುಟ್ಟಿ ಬಿದ್ದ ಗುಳಿಗಳು ಅವುಗಳ ಮೇಲಿವೆ. ನವಶಿಲಾಯುಗದ ಜನ ಅಲ್ಲಿ ವಾಸವಾಗಿದ್ದರು, ಬಂಡೆಗಳ ಮೇಲೆ ದನಗಳ ಚಿತ್ರ ಕೆತ್ತಿದರು. ಚಿತ್ರ ಮತ್ತು ನಾದ ಒಂದೇ ಗುಡ್ಡದ ಮೇಲೆ. ಹಂಪಿಯ ವಿಠ್ಠಲ ದೇವಸ್ಥಾನದ ಕಂಬಗಳು ನಿಮಗೆ ಗೊತ್ತೇ ಇವೆ. ಈಗ ಅವನ್ನು ತಟ್ಟಲು ಬಿಡುವುದಿಲ್ಲ. ಅದು ಸರಿಯೇ, ತಟ್ಟಿ ತಟ್ಟಿ ಕಲ್ಲು ಸವೆಯುತ್ತದೆ. ನಿಮ್ಮ ಲೋಕದಲ್ಲೂ ಅತಿಯಾಗಿ ನುಡಿಸಿ ಸವೆದ ಒಂದು ಕಲ್ಲು, ಅದಕ್ಕೆ ಬೇಲಿ, ಬೇಲಿ ಬೇಕೋ ಬೇಡವೋ ಎಂಬ ಚರ್ಚೆ ಇರಲಿ.

ಕೊನೆಗೆ ಆ ಹಾಡಿ ತೆರೆಯುವ ಬಾಗಿಲು. ನಾಲ್ಕನೇ ಸಂಚಿಕೆಯಲ್ಲಿ ಒಂದೇ ಹಾಡಿಗೆ ಅದು ಮಾಗಿಯಲ್ಲೂ ಬೇಸಿಗೆಯಲ್ಲೂ ತೆರೆಯುತ್ತದೆ. ಇದನ್ನು ಮಾತ್ರ ದಯವಿಟ್ಟು ತಿದ್ದಿ. ಗಾಳಿ ಒಂದು ಡಿಗ್ರಿ ಬಿಸಿಯಾದರೆ ಸದ್ದಿನ ವೇಗ ಸೆಕೆಂಡಿಗೆ ಸುಮಾರು 0.6 ಮೀಟರ್ ಹೆಚ್ಚುತ್ತದೆ. ಹತ್ತು ಡಿಗ್ರಿ ಏರಿದರೆ ಕೊಳಲಿನಂಥ ಕೊಳವೆಯ ಶ್ರುತಿ ನೂರಕ್ಕೆ ಸುಮಾರು ಎರಡರಷ್ಟು ಮೇಲಕ್ಕೆ ಹೋಗುತ್ತದೆ. ಒಂದು ಸ್ವರಸ್ಥಾನದಿಂದ ಮುಂದಿನದಕ್ಕೆ ಇರುವ ಅಂತರವೇ ನೂರಕ್ಕೆ ಆರರಷ್ಟು. ಅಂದರೆ ಅದರ ಮೂರನೇ ಒಂದು ಪಾಲು ಸರಿದಂತಾಯಿತು. ತಂತಿ ಇದಕ್ಕೆ ತದ್ವಿರುದ್ಧ. ಬಿಸಿಗೆ ಹಿಗ್ಗಿ ಸಡಿಲವಾಗುತ್ತದೆ, ಶ್ರುತಿ ಇಳಿಯುತ್ತದೆ. ಮಳೆಗಾಲದಲ್ಲಿ ಚರ್ಮವೂ ಸಡಿಲ, ಮರವೂ ಉಬ್ಬುತ್ತದೆ. ಹಾಗಾಗಿ ಕೊಳವೆಯ ಬೀಗಕ್ಕೆ ಬೇಸಿಗೆಯಲ್ಲಿ ಸ್ವಲ್ಪ ಏರಿಸಿ ಹಾಡಬೇಕು, ತಂತಿಯ ಬೀಗಕ್ಕೆ ಇಳಿಸಿ ಹಾಡಬೇಕು. ಒಂದೇ ಬಾಗಿಲಿಗೆ ಎರಡೂ ಬೀಗ ಹಾಕಿದ್ದರೆ ಬೇಸಿಗೆಯ ಮಧ್ಯಾಹ್ನ ಒಬ್ಬಳೇ ನಿಂತು ಹಾಡಿ ತೆರೆಯಲು ಆಗುವುದಿಲ್ಲ. ನಿಮ್ಮ ನಾಯಕಿ ಬೆಳಗಿನ ಜಾವದ ತಂಪಿಗೆ ಕಾಯಬೇಕು, ಇಲ್ಲವೇ ಜೊತೆಗೆ ಇನ್ನೊಂದು ಕಂಠ ಕರೆತರಬೇಕು. ‘ಮಾರ್ದನಿ’ಯ ಹಿಂದಿನ ಪುಟದಲ್ಲಿ ಆ ತಿಂಗಳ ಹವೆ, ಯಾವ ಊರಿನ ಬಾಗಿಲಿಗೆ ಎಷ್ಟು ಏರಿಸಬೇಕು, ಎಷ್ಟು ಇಳಿಸಬೇಕು ಅಂತ ಪಂಚಾಂಗದ ಹಾಗೆ ಒಂದು ಪಟ್ಟಿ ಹಾಕಿ. ಐದನೇ ಸಂಚಿಕೆ ಆದ ಕೂಡಲೇ ಕಳಿಸಿ. ಎರಕದವಳ ಪತ್ರವನ್ನು ಓದಲು ಕಾಯುತ್ತಿರುತ್ತೇನೆ.